ತಿಮ್ಮಪ್ಪನ ಮುಡಿಪೂ ಐದನೇ ಕ್ಲಾಸಿನ ಲೆಕ್ಕವೂ

ಸೋಮವಾರ ಬೆಳಿಗ್ಗೆ, ಎರಡನೇ ದೋಸೆಗೆ ಕೈ ಹಾಕುವ ಮುಂಚೆ, ಕೆಂಪಾಪುರದ ರಾಮಕೃಷ್ಣಪ್ಪನವರು ಒಂದು ಘೋಷಣೆ ಹೊರಡಿಸಿದರು.

"ಇವತ್ತಿಂದ ಚಾರ್ವಿ ಟ್ಯೂಷನ್ ಬಂದ್! ಲೆಕ್ಕ ನಾನ್ ಹೇಳ್ಕೊಡ್ತೀನಿ!"

ಚಾರ್ವಿ ಅವರ ಮೊಮ್ಮಗಳು, ಐದನೇ ಕ್ಲಾಸು. ಮಗ ಮಹೇಂದ್ರ, ಸೊಸೆ ಸರಳಾ ಇಬ್ಬರೂ ಒಟ್ಟಿಗೇ ತಟ್ಟೆಯಿಂದ ತಲೆ ಎತ್ತಿದರು. ಚಟ್ನಿ ಬಡಿಸುತ್ತಿದ್ದ ಹೆಂಡತಿ ಗೋಪಾಲಮ್ಮ ಮಾತ್ರ ಎತ್ತಲಿಲ್ಲ. ಮೂವತ್ತೆಂಟು ವರ್ಷದ ಸಂಸಾರದಲ್ಲಿ ಅವರು ಇಂಥ ಘೋಷಣೆಗಳನ್ನು ಬೇಕಾದಷ್ಟು ಕೇಳಿದ್ದರು. ಅವುಗಳಲ್ಲಿ ಹೆಚ್ಚಿನವು ಬುಧವಾರದ ಹೊತ್ತಿಗೆ ತಾವಾಗಿಯೇ ತಣ್ಣಗಾಗುತ್ತವೆ ಎಂಬುದು ಅವರ ಅನುಭವ.

"ಯಾಕಪ್ಪಾ? ಗಜಾಲಾ ಮಿಸ್ ಚೆನ್ನಾಗೇ ಹೇಳ್ಕೊಡ್ತಾರಲ್ಲ," ಅಂದ ಮಹೇಂದ್ರ.

"ಈ ತಿಂಗ್ಳು ದುಡ್ಡಿನ ಲೆಕ್ಕ ಅಂತೆ ಕಣೋ. ಐದರ ನಾಣ್ಯ ಎಷ್ಟು, ಹತ್ತರ ನೋಟು ಎಷ್ಟು, ಚಿಲ್ಲರೆ ಎಷ್ಟು ವಾಪಸ್ಸು! ಇದನ್ನ ಕಲಿಯೋಕೆ ತಿಂಗಳಿಗೆ ಎಂಟ್ನೂರು ಕೊಟ್ಟು ಹೊರಗ್ ಕಳಿಸ್ಬೇಕಾ? ಮನೇಲಿ ಯಾರ್ ಕೂತಿದಾರೆ ಅಂತ ಗೊತ್ತಾ?"

ಮನೆಯಲ್ಲಿ ಕೂತಿದ್ದವರು ಮೂವತ್ತೊಂದು ವರ್ಷ ಸಿಟಿ ಬಸ್ಸಿನ ಕಂಡಕ್ಟರಾಗಿದ್ದು ರಿಟೈರಾದವರು. ಶಿವಾಜಿನಗರದಿಂದ ಯಲಹಂಕಕ್ಕೆ, ಯಲಹಂಕದಿಂದ ಶಿವಾಜಿನಗರಕ್ಕೆ ಅವರು ಸುತ್ತಿದ ಸುತ್ತನ್ನು ಉದ್ದಕ್ಕೆ ಹಾಸಿದ್ದರೆ ಭೂಮಿಗೆ ಸೊಂಟದ ಪಟ್ಟಿ ಕಟ್ಟಬಹುದಿತ್ತು. ಒಂದು ದಿನವಾದರೂ ಅವರ ಕ್ಯಾಷ್ ಬ್ಯಾಗಿನಲ್ಲಿ ಒಂದು ರೂಪಾಯಿ ಕಡಿಮೆ ಬಂದದ್ದಿಲ್ಲ. ಹೆಚ್ಚು ಬಂದದ್ದುಂಟು, ಆ ವಿಚಾರ ಆಮೇಲೆ. ನಾಣ್ಯವನ್ನು ನೋಡಿ ಎಣಿಸುವುದು ಅಂಗಡಿಯವರ ಕಸುಬು ಎಂದು ಅವರ ಮತ. ಕಂಡಕ್ಟರಾದವನು ಬೆರಳಲ್ಲಿ ಎಣಿಸಬೇಕು, ಕಣ್ಣು ಹಿಂದಿನ ಬಾಗಿಲ ಮೇಲಿರಬೇಕು.

ಇನ್ನೊಂದು ಮಾತು. ಅರವತ್ತಮೂರನೆಯ ವಯಸ್ಸಿನಲ್ಲೂ ಅವರ ಹಣೆಯ ಮೇಲೆ ಕಪ್ಪನೆಯ ಕೂದಲು ಅಲೆ ಅಲೆಯಾಗಿ ನಿಂತಿತ್ತು. ಕಪ್ಪು ಪ್ಯಾಕೆಟ್ಟಿನದು, ಅಲೆ ಸ್ವಂತದ್ದು. ಅಂಗಿ ಜೇಬಿನಲ್ಲಿ ಬಾಚಣಿಗೆ ಇಲ್ಲದೆ ಅವರು ಗೇಟಿನ ತನಕವೂ ಹೋದವರಲ್ಲ.

ಗಜಾಲಾ ಮಿಸ್ ಬೇರೆ ಯಾರೂ ಅಲ್ಲ, ಗುಲಾಮ್ ರಸೂಲರ ಮಗಳು. ಗುಲಾಮ್ ರಸೂಲರು ಪಕ್ಕದ ಬೀದಿಯವರು. ಹತ್ತೊಂಬತ್ತು ವರ್ಷ ಅದೇ ಬಸ್ಸಿನ ಡ್ರೈವರಾಗಿ, ರಾಮಕೃಷ್ಣಪ್ಪನವರು "ರೈಟ್" ಅಂದರೆ ಹೊರಟು "ಹೋಲ್ಡಾನ್" ಅಂದರೆ ನಿಂತವರು. ಟ್ಯೂಷನ್ ಬಂದಾದ ಸುದ್ದಿ ಮುಟ್ಟಿದ ಸಂಜೆಯೇ ಬಂದು ಕಾಫಿ ಕುಡಿದು ಹೇಳಿದರು:

"ಗಜಾಲಾಗೇನ್ ಬೇಜಾರಿಲ್ಲ ಗುರು. ಒಂದ್ ವಾರ ಸೀಟು ಖಾಲಿ ಇಟ್ಟಿರ್ತೀನಿ ಅಂದ್ಲು."

"ಒಂದ್ ವಾರ ಯಾಕೆ? ಬೇರೆಯವರಿಗೆ ಕೊಡೋಕ್ ಹೇಳು!" ಅಂದರು ರಾಮಕೃಷ್ಣಪ್ಪನವರು.

ಪಾಠ ಶುರುವಾಯಿತು. ಮೊದಲನೆಯ ನಿಯಮ: ಬಸ್ ಓಡುತ್ತಿರುವಾಗ ಕಂಡಕ್ಟರ್ ಹತ್ತಿರ ಮಾತಾಡಬಾರದು. ಏನಾದರೂ ಕೇಳುವುದಿದ್ದರೆ ಬೆರಳು ಎತ್ತಿಕೊಂಡು ಕೂರಬೇಕು. ಸ್ಟಾಪು ಬಂದಾಗ ಕಂಡಕ್ಟರೇ ಕೇಳುತ್ತಾರೆ. ಚಾರ್ವಿ ವಿಧೇಯಳಾಗಿ ತಲೆಯಾಡಿಸಿದಳು. ಅವಳು ಜಾಸ್ತಿ ಮಾತಿನ ಹುಡುಗಿಯಲ್ಲ.

ಮಂಗಳವಾರದ ಲೆಕ್ಕ: ಮೂವತ್ತೇಳು ರೂಪಾಯಿಯ ಪುಸ್ತಕ ಕೊಂಡ ಹುಡುಗ ಐವತ್ತರ ನೋಟು ಕೊಟ್ಟ, ಅಂಗಡಿಯವನು ಎಷ್ಟು ವಾಪಸ್ ಕೊಡಬೇಕು?

"ಹದಿಮೂರು," ಅಂದಳು ಚಾರ್ವಿ.

"ಹದಿಮೂರು ಸರಿ. ಆದ್ರೆ ತಕ್ಷಣ ಕೊಡೋ ಹಾಗಿಲ್ಲ! ಬರಿ: ನಾವು ಟಿಕೆಟ್ ಹಿಂದೆ ಬರ್ಯೋ ಹಾಗೆ ಪುಟದ ಹಿಂದ್ಗಡೆ ಹದಿಮೂರು ಅಂತ ಬರ್ದು ಒಂದು ಸುತ್ತು ಹಾಕು. ಇಳಿಯೋವಾಗ ಇಸ್ಕೊಳ್ಲಿ."

ಬುಧವಾರದ ಲೆಕ್ಕ: ಇಬ್ಬರು ಗೆಳತಿಯರಿಗೆ ತಲಾ ಐದು ರೂಪಾಯಿ ಚಿಲ್ಲರೆ ಬರಬೇಕು, ಯಾವ ಯಾವ ನಾಣ್ಯಗಳಲ್ಲಿ ಕೊಡಬಹುದು? ರಾಮಕೃಷ್ಣಪ್ಪನವರು ಹೇಳಿಕೊಟ್ಟ ಉತ್ತರ: ನಾಣ್ಯ ಯಾಕೆ? ಇಬ್ಬರಿಗೂ ಸೇರಿಸಿ ಒಂದು ಹತ್ತರ ನೋಟು ಕೊಟ್ಟು, ಇಳಿದ ಮೇಲೆ ಹಂಚಿಕೊಳ್ಳಿ ಅನ್ನಬೇಕು.

ಶುಕ್ರವಾರ ಡೈರಿಯಲ್ಲಿ ಸ್ಕೂಲಿನ ಟೀಚರು ಕೆಂಪು ಶಾಯಿಯಲ್ಲಿ ಬರೆದು ಕಳಿಸಿದ್ದರು: "ಉತ್ತರವನ್ನು ಪುಟದ ಹಿಂದೆ ಬರೆಯಬಾರದು. ಗೆಳತಿಯರು ಇಳಿಯುವುದಿಲ್ಲ. ಅವರು ಅಂಗಡಿಯಲ್ಲಿದ್ದಾರೆ."

"ಪ್ರಾಕ್ಟಿಕಲ್ ನಾಲೆಡ್ಜ್ ಇಲ್ಲ ಪಾಪ," ಅಂದರು ರಾಮಕೃಷ್ಣಪ್ಪನವರು.

ಈಗ ಶನಿವಾರಕ್ಕೆ ಬರೋಣ. ಅದಕ್ಕಿಂತ ಮುಂಚೆ ದೇವರ ಕೋಣೆಯಲ್ಲಿದ್ದ ಮುಡಿಪಿನ ವಿಷಯ ಹೇಳಲೇಬೇಕು. ಎರಡು ವರ್ಷದ ಹಿಂದೆ ರಾಮಕೃಷ್ಣಪ್ಪನವರ ಎದೆಯಲ್ಲಿ ನೋವು ಬಂದು ಆಸ್ಪತ್ರೆಯಲ್ಲಿ ಸ್ಟೆಂಟ್ ಹಾಕಿದರು. ಆಪರೇಷನ್ ಕೋಣೆಯ ಹೊರಗೆ ಕೂತ ಗೋಪಾಲಮ್ಮ ತಿರುಪತಿ ತಿಮ್ಮಪ್ಪನಿಗೆ ಹರಕೆ ಹೊತ್ತರು. ಎರಡು ವರ್ಷ, ವಾರ ತಪ್ಪದೆ, ಪ್ರತಿ ಶನಿವಾರ ಒಂದು ನಾಣ್ಯ. ಕೈಗೆ ಸಿಕ್ಕಿದ್ದು ಎರಡರದ್ದಾದರೆ ಎರಡರದ್ದು, ಐದರದ್ದಾದರೆ ಐದರದ್ದು. ಸ್ನಾನ ಮಾಡಿ, ನಾಣ್ಯವನ್ನು ಅರಿಶಿನದ ನೀರಿನಲ್ಲಿ ಅದ್ದಿ, ಕಣ್ಣಿಗೊತ್ತಿಕೊಂಡು, ಬಟ್ಟೆಯ ಗಂಟಿಗೆ ಹಾಕಿ, ಪಕ್ಕದ ಕ್ಯಾಲೆಂಡರಿನಲ್ಲಿ ಅಲ್ಲಿಯವರೆಗಿನ ಮೊತ್ತ ಬರೆಯುತ್ತಿದ್ದರು. ಆ ಶನಿವಾರ ಬೆಳಿಗ್ಗೆ ಕೊನೆಯ ನಾಣ್ಯ ಬಿತ್ತು. ಕ್ಯಾಲೆಂಡರಿನಲ್ಲಿ ಹೀಗಿತ್ತು: ನಾಣ್ಯ 104, ರೂಪಾಯಿ 325. ಭಾನುವಾರ ಬೆಳಿಗ್ಗೆ ತಿರುಪತಿಗೆ ಪ್ರಯಾಣ.

"ನೀವೂ ಒಂದ್ ಸಲ ಮುಡಿ ಕೊಟ್ಬಿಡ್ರೀ," ಎಂದು ಗೋಪಾಲಮ್ಮ ಒಂದು ತಿಂಗಳಿಂದ ಕೇಳುತ್ತಿದ್ದರು.

"ರಿಪೇರಿ ಆಗಿರೋದು ಎದೆ ಕಣೇ, ತಲೆ ಅಲ್ಲ!" ಅನ್ನುವುದು ರಾಮಕೃಷ್ಣಪ್ಪನವರ ಸಿದ್ಧ ಉತ್ತರ.

ಒಮ್ಮೆ ಅವರು ಹೂವಿನವಳಿಗೆ ಚಿಲ್ಲರೆ ಇಲ್ಲವೆಂದು ಆ ಗಂಟಿನ ಕಡೆ ಕೈ ಚಾಚಿದ್ದರು. ಗೋಪಾಲಮ್ಮ ಅಡಿಗೆಮನೆಯಿಂದಲೇ ಹೇಳಿದ್ದರು: "ಅದು ತಿಮ್ಮಪ್ಪನ ದುಡ್ಡು ಕಣ್ರೀ. ಮುಟ್ಟಿದ್ರೆ ಬಡ್ಡಿ ಸಮೇತ ವಸೂಲ್ ಮಾಡ್ತಾನೆ. ಅವನ ತಾವ ನಿಮ್ಮ ಕಂಡಕ್ಟರಿಕೆ ನಡಿಯಾಕಿಲ್ಲ." ಚಾಚಿದ ಕೈ ಹಿಂದಕ್ಕೆ ಬಂದಿತ್ತು.

ಶನಿವಾರ ಸಂಜೆ ಐದಕ್ಕೆ ಗೋಪಾಲಮ್ಮ ದೇವಸ್ಥಾನಕ್ಕೆ ಹೊರಟರು. ಮಹೇಂದ್ರ, ಸರಳಾ ಕೆಲಸದಿಂದ ಇನ್ನೂ ಬಂದಿರಲಿಲ್ಲ. ತಾತ ಮೊಮ್ಮಗಳು ಹಾಲಿನಲ್ಲಿ ಚಾಪೆ ಹಾಸಿ ಕೂತರು. ಚಾರ್ವಿ ಲೆಕ್ಕ ಓದಿದಳು:

"ಒಂದು ಪೆಟ್ಟಿಗೆಯಲ್ಲಿ ಐದು ರೂಪಾಯಿ ಮತ್ತು ಎರಡು ರೂಪಾಯಿ ನಾಣ್ಯಗಳು ಒಟ್ಟು ನಲವತ್ತು ಇವೆ. ಅವುಗಳ ಮೊತ್ತ ನೂರಿಪ್ಪತ್ತೈದು ರೂಪಾಯಿ. ಹಾಗಾದರೆ ಪ್ರತಿಯೊಂದು ಬಗೆಯ ನಾಣ್ಯಗಳು ಎಷ್ಟು?"

ರಾಮಕೃಷ್ಣಪ್ಪನವರು ಇನ್ನೊಮ್ಮೆ ಓದಿಸಿದರು. ಮತ್ತೊಮ್ಮೆ ಓದಿಸಿದರು. ಬಾಚಣಿಗೆ ತೆಗೆದು ತಲೆ ಬಾಚಿಕೊಂಡರು.

"ಇದ್ಯಾರ್ ಬರ್ದಿರೋ ಲೆಕ್ಕ? ಎಣಿಸ್ದವನಿಗೆ ನಾಣ್ಯ ನಲ್ವತ್ತು ಅಂತ ಗೊತ್ತು. ದುಡ್ಡು ನೂರಿಪ್ಪತ್ತೈದು ಅಂತ ಗೊತ್ತು. ಯಾವ್ದು ಎಷ್ಟು ಅಂತ ಮಾತ್ರ ಗೊತ್ತಿಲ್ವಂತೆ! ನಮ್ ಡಿಪೋದಲ್ಲಾಗಿದ್ರೆ ಮೆಮೋ ಕೊಡ್ತಿದ್ರು!"

ಚಾರ್ವಿ ಬೆರಳು ಎತ್ತಿದಳು.

"ಬಸ್ ಓಡ್ತಾ ಇದೆ," ಅಂದರು ತಾತ. ಬೆರಳು ಇಳಿಯಿತು. "ನಾಣ್ಯ ಕೈಗೆ ಬರ್ಲಿ, ಉತ್ತರ ತಾನಾಗೇ ಬರುತ್ತೆ."

ಆದರೆ ನಾಣ್ಯ ಎಲ್ಲಿಂದ ಬರಬೇಕು? ಮಹೇಂದ್ರನ ಜೇಬಿನಲ್ಲಿ ಫೋನು. ಸರಳಾಳ ಪರ್ಸಿನಲ್ಲಿ ಫೋನು. ಬೀದಿ ಕೊನೆಯ ಎಳನೀರಿನ ಲಕ್ಕಣ್ಣನ ಗಾಡಿಗೂ ಸ್ಕ್ಯಾನರು ನೇತಾಡುತ್ತಿತ್ತು. ರಾಮಕೃಷ್ಣಪ್ಪನವರು ಗುಲಾಮ್ ರಸೂಲರಿಗೆ ಫೋನ್ ಮಾಡಿದರು.

"ಶುಕ್ರವಾರ ಬಡವರಿಗೆ ಕೊಡೋ ಡಬ್ಬಿ ಇದೆ ಗುರು. ನಮಾಜ್ ಮುಗಿಸ್ಕೊಂಡ್ ತರ್ತೀನಿ," ಅಂದರು ಅವರು.

ನಮಾಜು ಮುಗಿಯುವ ತನಕ ಮೊಮ್ಮಗಳ ಮುಂದೆ ಉತ್ತರ ಗೊತ್ತಿಲ್ಲದೆ ಕೂರುವುದು ಹೇಗೆ? ರಾಮಕೃಷ್ಣಪ್ಪನವರ ಕಣ್ಣು ದೇವರ ಕೋಣೆಯ ಕಡೆ ಹೋಯಿತು. ಕಾಲೂ ಹೋಯಿತು. ಮುಟ್ಟುವುದು ಬೇರೆ, ಖರ್ಚು ಮಾಡುವುದು ಬೇರೆ ಎಂದು ಅವರು ತಮಗೆ ತಾವೇ ವಾದ ಮಾಡಿ ತಾವೇ ತೀರ್ಪು ಕೊಟ್ಟುಕೊಂಡರು. ಹತ್ತು ನಿಮಿಷ ಎಣಿಸಿ ವಾಪಸ್ ಕಟ್ಟಿಟ್ಟರೆ ತಿಮ್ಮಪ್ಪನಿಗೇನು ನಷ್ಟ? ಗಂಟು ಬಿಚ್ಚಿ ಚಾಪೆಯ ಮೇಲೆ ಸುರಿದರು.

ಐದರವು ಇಪ್ಪತ್ತು, ಎರಡರವು ಇಪ್ಪತ್ತು ಇಟ್ಟರು. ನೂರನಲವತ್ತಾಯಿತು, ಜಾಸ್ತಿ. ಹತ್ತು, ಮೂವತ್ತು ಇಟ್ಟರು. ನೂರಹತ್ತಾಯಿತು, ಕಡಿಮೆ. ಹದಿನಾರಿಟ್ಟರೆ ನೂರಿಪ್ಪತ್ತೆಂಟು, ಹದಿನಾಲ್ಕಿಟ್ಟರೆ ನೂರಿಪ್ಪತ್ತೆರಡು. ಹದಿನಾರಕ್ಕೂ ಹದಿನಾಲ್ಕಕ್ಕೂ ನಡುವೆ ಏನಿದೆ ಎಂದು ಯೋಚಿಸುವಷ್ಟರಲ್ಲಿ ಬಾಗಿಲ ಬಳಿ ಚಪ್ಪಲಿ ಬಿಟ್ಟ ಸದ್ದಾಯಿತು.

"ತಗೋ ಗುರು!" ಎಂದು ಗುಲಾಮ್ ರಸೂಲರು ಡಬ್ಬಿಯನ್ನು ಅದೇ ಚಾಪೆಯ ಮೇಲೆ ಸುರಿದರು. ಕಂಡಕ್ಟರನ ಮುಂದೆ ನಾಣ್ಯ ಕಂಡರೆ ಅಲ್ಲಿಗೇ ಹಾಕಬೇಕು ಎಂಬುದು ಅವರ ಹತ್ತೊಂಬತ್ತು ವರ್ಷದ ಅಭ್ಯಾಸ.

ಚಾರ್ವಿ ಬೆರಳು ಎತ್ತಿದಳು. ಯಾರೂ ನೋಡಲಿಲ್ಲ.

ಇನ್ನೊಂದು ಅಭ್ಯಾಸ ಇನ್ನೂ ಘೋರವಾದದ್ದು. ರಾಶಿ ನಾಣ್ಯ ಮುಂದೆ ಬಿದ್ದರೆ ರಾಮಕೃಷ್ಣಪ್ಪನವರ ಕೈಗೆ ಅಪ್ಪಣೆ ಬೇಕಾಗುತ್ತಿರಲಿಲ್ಲ. ಡ್ಯೂಟಿ ಮುಗಿಸಿ ಡಿಪೋದಲ್ಲಿ ಕೂತು, ಮಾತಾಡುತ್ತಾ ಮಾತಾಡುತ್ತಾ ಹತ್ತು ಹತ್ತರ ಕಂಬ ಕಟ್ಟಿ ಕ್ಯಾಷ್ ಕೌಂಟರಿಗೆ ಕೊಟ್ಟ ಕೈ ಅದು. ಗುಲಾಮ್ ರಸೂಲರು ಹೆಬ್ಬಾಳದ ಫ್ಲೈಓವರಿನ ಟ್ರಾಫಿಕ್ಕಿನ ಮಾತು ತೆಗೆದರು. ರಾಮಕೃಷ್ಣಪ್ಪನವರು ಫ್ಲೈಓವರೇ ಇಲ್ಲದ ಕಾಲದ ಮಾತು ತೆಗೆದರು. ಒಂದು ಸಲ ಎಮ್ಮೆ ಅಡ್ಡ ಬಂದದ್ದು, ಅದರ ಯಜಮಾನ ಬಸ್ಸಿಗೆ ಹತ್ತಿ ಟಿಕೆಟ್ ತೆಗೆದುಕೊಳ್ಳದೆ ಜಗಳಾಡಿದ್ದು ಎಲ್ಲ ಆಗುವ ಹೊತ್ತಿಗೆ ಚಾಪೆಯ ಮೇಲೆ ನಾಣ್ಯದ ಕಂಬಗಳು ಸಾಲಾಗಿ ಎದ್ದು ನಿಂತಿದ್ದವು.

"ಐದರವು ಅರವತ್ತೊಂದು, ಎರಡರವು ತೊಂಬತ್ತೆಂಟು!" ರಾಮಕೃಷ್ಣಪ್ಪನವರು ಹೆಮ್ಮೆಯಿಂದ ಹೇಳಿದರು. "ಕಣ್ಣಲ್ಲಿ ನೋಡೇ ಇಲ್ಲ!"

ಹೇಳಿ ಮುಗಿಸಿದ ಮೇಲೆ ಕಣ್ಣಲ್ಲಿ ನೋಡಿದರು. ಪಕ್ಕದಲ್ಲಿ ಖಾಲಿ ಡಬ್ಬಿ. ಅದರ ಪಕ್ಕದಲ್ಲಿ ಮುಡಿಪಿನ ಖಾಲಿ ಬಟ್ಟೆ.

ಸ್ಟೆಂಟ್ ಇದ್ದ ಜಾಗದಲ್ಲಿ ಏನೋ ಛಳಕ್ ಅಂದಿತು. ಎರಡು ವರ್ಷ ಹೆಂಡತಿ ಬಿಡಿ ಬಿಡಿಯಾಗಿ ಕೂಡಿಟ್ಟ ತಿಮ್ಮಪ್ಪನ ದುಡ್ಡು ಈಗ ಶುಕ್ರವಾರದ ಡಬ್ಬಿಯ ಜೊತೆ ಬೆರೆತುಹೋಗಿತ್ತು. ಬೆಳಿಗ್ಗೆ ರೈಲು. ಇನ್ನು ಅರ್ಧ ಗಂಟೆಯಲ್ಲಿ ಗೋಪಾಲಮ್ಮ ಬಂದುಬಿಡುತ್ತಾರೆ.

"ರಸೂಲಣ್ಣ, ನಿನ್ ಡಬ್ಬೀಲಿ ಎಷ್ಟಿತ್ತು?"

"ಅದು ಅಲ್ಲಾಹ್‌ಗೇ ಗೊತ್ತು. ನಾನ್ ಎಣಿಸೋನಲ್ಲ, ಓಡಿಸೋನು. ನಿಂದು ಎಷ್ಟಿತ್ತು ಹೇಳು. ಅದನ್ನ ತೆಗಿ, ಮಿಕ್ಕಿದ್ದು ನಂದು."

ರಾಮಕೃಷ್ಣಪ್ಪನವರು ಕ್ಯಾಲೆಂಡರಿನತ್ತ ಓಡಿದರು. "ನೂರನಾಲ್ಕು ನಾಣ್ಯ. ಮುನ್ನೂರಿಪ್ಪತ್ತೈದು ರೂಪಾಯಿ."

"ಅದ್ರಲ್ಲಿ ಐದರದ್ದು ಎಷ್ಟು, ಎರಡರದ್ದು ಎಷ್ಟು?"

"ಅದು ಬರ್ದಿಲ್ಲ."

ಗುಲಾಮ್ ರಸೂಲರು ಕೇಳಿದರು: "ನಮ್ ಡಿಪೋದಲ್ಲಾಗಿದ್ರೆ ಏನ್ ಮಾಡ್ತಿದ್ರು ಗುರು?"

"ಮೆಮೋ," ಅಂದರು ರಾಮಕೃಷ್ಣಪ್ಪನವರು ಸಣ್ಣ ದನಿಯಲ್ಲಿ.

ಐದರವು ಐವತ್ತಿಟ್ಟು ನೋಡಿದರು, ಜಾಸ್ತಿಯಾಯಿತು. ಮೂವತ್ತಿಟ್ಟು ನೋಡಿದರು, ಕಡಿಮೆಯಾಯಿತು. ಮೂವತ್ತಾರಿಟ್ಟಾಗ ಎಣಿಕೆ ತಪ್ಪಿತು. ಮೂವತ್ತೊಂದು ವರ್ಷದಲ್ಲಿ ಮೊದಲ ಬಾರಿ! ಎದುರಿಗೆ ಚಾರ್ವಿ ಎರಡು ಬೆರಳು ಎತ್ತಿಕೊಂಡು ಕೂತಿದ್ದಳು. ಬಹುಶಃ ಎರಡು ವಿಷಯ ಇದ್ದವು.

"ಹೋಲ್ಡಾನ್!" ಅಂದರು ಗುಲಾಮ್ ರಸೂಲರು. ಜೀವಮಾನದಲ್ಲಿ ಆ ಮಾತನ್ನು ಅವರು ಹೇಳಿದ್ದು ಅದೇ ಮೊದಲು. "ಮಗು ಏನೋ ಹೇಳ್ತಿದೆ, ಕೇಳು."

"ಚಾರ್ವಿ ಪುಟ್ಟ, ಐದರದ್ದು ಎಷ್ಟು, ಎರಡರದ್ದು ಎಷ್ಟು, ಅಷ್ಟು ಹೇಳಮ್ಮ ಸಾಕು," ಅಂದರು ತಾತ. ಅದು ಪಾಠ ಹೇಳುವವರ ದನಿಯಾಗಿರಲಿಲ್ಲ.

ಚಾರ್ವಿ ಪೆನ್ಸಿಲ್ ತೆಗೆದುಕೊಂಡಳು. "ಎಲ್ಲಾ ಎರಡರದ್ದೇ ಅಂದ್ಕೊಳಿ ತಾತ. ನೂರನಾಲ್ಕು ನಾಣ್ಯಕ್ಕೆ ಇನ್ನೂರೆಂಟು ರೂಪಾಯಿ. ಆದ್ರೆ ಮುನ್ನೂರಿಪ್ಪತ್ತೈದು ಇದೆಯಲ್ಲ? ನೂರಹದಿನೇಳು ಕಮ್ಮಿ ಆಯ್ತು. ಒಂದು ಎರಡರದ್ದು ತೆಗೆದು ಐದರದ್ದು ಇಟ್ರೆ ಮೂರು ಜಾಸ್ತಿಯಾಗುತ್ತೆ. ನೂರಹದಿನೇಳಲ್ಲಿ ಮೂರು, ಮೂವತ್ತೊಂಬತ್ತು ಸಲ. ಐದರದ್ದು ಮೂವತ್ತೊಂಬತ್ತು, ಎರಡರದ್ದು ಅರವತ್ತೈದು."

ರಾಮಕೃಷ್ಣಪ್ಪನವರು ಪುಸ್ತಕವನ್ನು ತಮ್ಮ ಕಡೆ ತಿರುಗಿಸಿಕೊಂಡರು.

"ಇದನ್ಯಾರು ಹೇಳ್ಕೊಟ್ರು?"

"ಗಜಾಲಾ ಮಿಸ್. ಹೋದ್ ತಿಂಗ್ಳೇ."

"ಮತ್ತೆ ಆ ನಲ್ವತ್ತು ನಾಣ್ಯದ ಲೆಕ್ಕ?"

"ಐದರದ್ದು ಹದಿನೈದು, ಎರಡರದ್ದು ಇಪ್ಪತ್ತೈದು. ಹೇಳೋಣ ಅಂತ ಬೆರಳೆತ್ತಿದ್ದೆ. ಬಸ್ ಓಡ್ತಿತ್ತು." ಹೇಳಿ, ಚಾರ್ವಿ ಇನ್ನೊಂದು ಬೆರಳು ಎತ್ತಿದಳು. "ತಾತ, ಇನ್ನೊಂದು..."

"ಸಾಕು ಪುಟ್ಟ, ಆಮೇಲೆ! ರೈಟ್, ರೈಟ್!"

ಐದರವು ಮೂವತ್ತೊಂಬತ್ತು, ಎರಡರವು ಅರವತ್ತೈದು ಎಣಿಸಿ ಬಟ್ಟೆಗೆ ಹಾಕಿದರು. ಮಿಕ್ಕದ್ದು ಡಬ್ಬಿಗೆ. ಗಂಟು ಬಿಗಿದು ದೇವರ ಕೋಣೆಯಲ್ಲಿಟ್ಟು ಬಂದು, ಗುಲಾಮ್ ರಸೂಲರ ಕೈಗೆ ಕಾಫಿ ಕೊಡುವಷ್ಟರಲ್ಲಿ ಗೋಪಾಲಮ್ಮ ಬಂದರು.

"ಏನಣ್ಣ, ಚೆನ್ನಾಗಿದೀರಾ," ಎಂದು ಗುಲಾಮ್ ರಸೂಲರನ್ನು ಮಾತಾಡಿಸಿ ನೇರ ಒಳಗೆ ಹೋದರು. ದೇವಸ್ಥಾನದಿಂದ ತಂದ ತುಳಸಿಯನ್ನು ಮುಡಿಪಿನೊಳಗೆ ಇಡುವುದಿತ್ತು. ಗಂಟು ಬಿಚ್ಚಿದ ಸದ್ದು ಕೇಳಿತು. ಹಾಲಿನಲ್ಲಿ ರಾಮಕೃಷ್ಣಪ್ಪನವರು ಬಾಚಣಿಗೆ ಹಿಡಿದುಕೊಂಡರು, ಬಾಚಲಿಲ್ಲ.

ಗೋಪಾಲಮ್ಮ ಬಟ್ಟೆಯನ್ನು ಹಾಗೇ ಎತ್ತಿಕೊಂಡು ಬಂದು ಚಾಪೆಯ ಮೇಲಿಟ್ಟರು. "ಇದರಾಗೆ ಬೆಳ್ಳಗಿರೋವು ಯಾರವು?"

ಎಲ್ಲರೂ ಬಗ್ಗಿ ನೋಡಿದರು. ಕೆಲವು ನಾಣ್ಯಗಳಿಗೆ ಅರಿಶಿನ ಮೆತ್ತಿಕೊಂಡಿತ್ತು. ಕೆಲವಕ್ಕೆ ಏನೂ ಇರಲಿಲ್ಲ. ಗುಲಾಮ್ ರಸೂಲರು ನಿಧಾನವಾಗಿ ತಮ್ಮ ಡಬ್ಬಿಯ ಮುಚ್ಚಳ ತೆಗೆದರು. ಅದರೊಳಗಿಂದ ಎರಡು ವರ್ಷದ ಶನಿವಾರಗಳು ಹಳದಿಯಾಗಿ ನೋಡುತ್ತಿದ್ದವು.

"ಅದನ್ನೇ ಹೇಳೋಕೆ ಬೆರಳೆತ್ತಿದ್ದೆ," ಅಂದಳು ಚಾರ್ವಿ. "ಅರಿಶಿನ ಇರೋದು ಒಂದ್ಕಡೆ, ಇಲ್ದಿರೋದು ಒಂದ್ಕಡೆ ಹಾಕಿದ್ರೆ ಆಗೋಗ್ತಿತ್ತು. ಐದರದ್ದು ಎಷ್ಟು, ಎರಡರದ್ದು ಎಷ್ಟು, ಅಷ್ಟೇ ಸಾಕು ಅಂದ್ರಿ. ಅದಕ್ಕೇ ಲೆಕ್ಕ ಮಾಡ್ದೆ."

ನಾಲ್ಕು ಜನವೂ ಚಾಪೆಯ ಸುತ್ತ ಕೂತು ನಾಣ್ಯ ಬೇರೆ ಮಾಡಿದರು. ರಾಮಕೃಷ್ಣಪ್ಪನವರು ಮೊದಲ ಬಾರಿ ನಾಣ್ಯಗಳನ್ನು ಕಣ್ಣಿನಿಂದ ನೋಡಿ ಎಣಿಸಿದರು. ಒಂದೊಂದರ ಮೇಲೂ ಗೋಪಾಲಮ್ಮನ ಬೆರಳಿನ ಅರಿಶಿನ. ಒಂದೊಂದೂ ತಾನು ಬದುಕಿ ಕಾಫಿ ಕುಡಿದು ಜಂಬ ಕೊಚ್ಚಿದ ಒಂದೊಂದು ಶನಿವಾರ. ಅವರಿಗೆ ನಾಚಿಕೆಯಾಯಿತು. ಅರಿಶಿನದವು ಸರಿಯಾಗಿ ನೂರನಾಲ್ಕು. ಐದರವು ಮೂವತ್ತೊಂಬತ್ತು, ಎರಡರವು ಅರವತ್ತೈದು.

"ಲೆಕ್ಕ ಕರೆಕ್ಟು," ಅಂದರು ಗುಲಾಮ್ ರಸೂಲರು. "ಮಂಗಳವಾರದಿಂದ ಕಳ್ಸು ಗುರು. ಸೀಟು ಖಾಲಿ ಇದೆ."

"ಮುಟ್ಬಿಟ್ಟೆ ಕಣೇ," ಅಂದರು ರಾಮಕೃಷ್ಣಪ್ಪನವರು ಹೆಂಡತಿಗೆ. "ಬಡ್ಡಿ ಎಷ್ಟಾಗುತ್ತೋ?"

ಗೋಪಾಲಮ್ಮ ಬೈಯಲಿಲ್ಲ. ಬೈದಿದ್ದರೆ ವಾಸಿಯಿತ್ತು. ಗಂಡನ ಮುಖ ಬಿಟ್ಟು ಅದಕ್ಕಿಂತ ಸ್ವಲ್ಪ ಮೇಲಕ್ಕೆ, ಅಲೆಯ ಕಡೆಗೆ ನೋಡಿದರು.

"ಬಡ್ಡಿ ಎಷ್ಟು ಅಂತ ಏಳೋಕೆ ನಾನ್ಯಾರು?" ಅಂದರು. "ಅವನೇ ನೋಡ್ಕೋತಾನೆ ಬಿಡ್ರೀ."

ಸೋಮವಾರ ಸಂಜೆ ಯಶವಂತಪುರ ಸ್ಟೇಷನ್ನಿನಲ್ಲಿ ಇಳಿದಾಗ ರಾಮಕೃಷ್ಣಪ್ಪನವರ ತಲೆ ನುಣ್ಣಗಿತ್ತು. ಮೇಲೆ ಗಂಧ ಬಳಿದಿತ್ತು. ಜೇಬಿನಲ್ಲಿ ಅಭ್ಯಾಸಬಲದಿಂದ ಬಾಚಣಿಗೆ ಇತ್ತು. ಒಂದು ದಿನ ಸ್ಕೂಲಿಗೆ ರಜೆ ಹಾಕಿ ಜೊತೆಗೆ ಬಂದಿದ್ದ ಚಾರ್ವಿ ಅಜ್ಜಿಯ ಕೈ ಹಿಡಿದಿದ್ದಳು. ಮೂವರೂ ಹೆಬ್ಬಾಳದ ಕಡೆಯ ಸಿಟಿ ಬಸ್ ಹತ್ತಿದರು.

ಕಂಡಕ್ಟರನನ್ನು ನೋಡಿ ರಾಮಕೃಷ್ಣಪ್ಪನವರ ಮುಖ ಅರಳಿತು. ಚಿಕ್ಕಬೈರಪ್ಪ! ಕೆಲಸಕ್ಕೆ ಸೇರಿದ ಹೊಸದರಲ್ಲಿ ಆರು ತಿಂಗಳು ಅವರ ಕೈಕೆಳಗೇ ಪಳಗಿದವನು. ಆದರೆ ಚಿಕ್ಕಬೈರಪ್ಪನಿಗೆ ಗೊತ್ತಿದ್ದದ್ದು ಅಲೆಯಿದ್ದ ರಾಮಕೃಷ್ಣಪ್ಪ. ಹೆಂಗಸರಿಬ್ಬರಿಗೂ ಪುಕ್ಕಟೆ ಟಿಕೆಟ್ ಹರಿದು, ಬೋಳು ತಲೆಯ ಯಜಮಾನರತ್ತ ಕೈ ಚಾಚಿದ.

"ಇಪ್ಪತ್ತು ರೂಪಾಯಿ. ಚಿಲ್ಲರೆ ಕೊಡಿ ಯಜಮಾನ್ರೇ."

ರಾಮಕೃಷ್ಣಪ್ಪನವರ ಹತ್ತಿರ ಐವತ್ತರ ನೋಟಿತ್ತು. ಚಿಕ್ಕಬೈರಪ್ಪ ಟಿಕೆಟ್ಟಿನ ಹಿಂದೆ ಮೂವತ್ತು ಅಂತ ಬರೆದು, ಒಂದು ಚೆಂದದ ಸುತ್ತು ಹಾಕಿ ಕೊಟ್ಟ.

"ಇಳಿಯೋವಾಗ ಇಸ್ಕೊಳ್ಳಿ."

ಹೇಳಿಕೊಟ್ಟದ್ದನ್ನು ಒಂದಕ್ಷರ ಮರೆತಿಲ್ಲವಲ್ಲ ಎಂದು ರಾಮಕೃಷ್ಣಪ್ಪನವರಿಗೆ ಸಂತೋಷವಾಯಿತು. ದಾರಿಯುದ್ದಕ್ಕೂ ಪೆಟ್ಟಿಗೆ, ಲಡ್ಡು, ಮೊಮ್ಮಗಳನ್ನು ನೋಡಿಕೊಂಡು ಕೂತು, ಹೆಬ್ಬಾಳದಲ್ಲಿ ಹಿಂದಿನ ಬಾಗಿಲಿನಿಂದ ಇಳಿದರು. "ರೈಟ್!" ಎಂದು ಕೂಗಿತು ಒಳಗಿನಿಂದ. ಬಸ್ಸು ಹೊರಟಿತು.

ಚಾರ್ವಿ ಬೆರಳು ಎತ್ತಿದಳು.

ಈ ಸಲ ರಾಮಕೃಷ್ಣಪ್ಪನವರು ತಕ್ಷಣ ಕೇಳಿದರು: "ಏನ್ ಪುಟ್ಟ?"

"ತಾತ, ಚಿಲ್ಲರೆ."

ಬಸ್ಸು ಆಗಲೇ ಫ್ಲೈಓವರ್ ಏರುತ್ತಿತ್ತು. ರಾಮಕೃಷ್ಣಪ್ಪನವರು ಟಿಕೆಟ್ಟಿನ ಹಿಂಬದಿಯನ್ನೂ ಬಸ್ಸಿನ ಹಿಂಬದಿಯನ್ನೂ ಒಂದಾದ ಮೇಲೊಂದು ನೋಡಿದರು. ಮೂವತ್ತೊಂದು ವರ್ಷ ತಮ್ಮ ಬ್ಯಾಗಿನಲ್ಲಿ ಹೆಚ್ಚು ಬಂದದ್ದೆಲ್ಲ ಎಲ್ಲಿಂದ ಬಂದದ್ದು ಎಂಬುದು ನೆನಪಾಗಿ, ಬೋಳು ತಲೆಯ ಮೇಲೆ ಕೈಯಾಡಿಸಿಕೊಂಡರು.

"ಎಷ್ಟಿತ್ತು?" ಎಂದು ಕೇಳಿದರು ಗೋಪಾಲಮ್ಮ.

"ಮೂವತ್ತು."

ಗೋಪಾಲಮ್ಮ ಲಡ್ಡುವಿನ ಚೀಲವನ್ನು ಇನ್ನೊಂದು ಕೈಗೆ ಬದಲಾಯಿಸಿಕೊಂಡು ಕೆಂಪಾಪುರದ ದಾರಿ ಹಿಡಿದರು.

"ಓಗ್ಲಿ ಬಿಡ್ರೀ," ಅಂದರು. "ಕೂದ್ಲು ಬಡ್ಡಿಗೆ ಸರಿಯಾಗಿತ್ತು. ಇದು ಅಳೇ ಬಾಕಿ."